ಎದುರಾಳಿ ಬೇಕಾಗಿದ್ದಾರೆ

ಹೊಸ ಫೈಟಿಂಗ್ ಗೇಮ್ ಬಿಡುಗಡೆಯಾದ ವಾರ ಎದುರಾಳಿಗಳಿಗೆ ಬರವಿರುವುದಿಲ್ಲ. 2023ರ ಜೂನ್‌ನಲ್ಲಿ ಸ್ಟ್ರೀಟ್ ಫೈಟರ್ 6 ಬಂದಾಗಲೂ, 2024ರ ಜನವರಿಯಲ್ಲಿ ಟೆಕ್ಕೆನ್ 8 ಬಂದಾಗಲೂ ಬಟನ್ ಒತ್ತಿ ನೀರು ಕುಡಿದು ಬರುವಷ್ಟರಲ್ಲಿ ಯಾರೋ ಒಬ್ಬರು ಎದುರು ನಿಂತಿರುತ್ತಿದ್ದರು. ಆರು ತಿಂಗಳು ಕಳೆಯಲಿ, ನಿಮ್ಮ ರ‍್ಯಾಂಕ್ ನಾಲ್ಕು ಮೆಟ್ಟಿಲು ಮೇಲೇರಲಿ, ಆಗ ನೋಡಿ. ಹುಡುಕಾಟದ ಚಕ್ರ ಸುತ್ತುತ್ತಲೇ ಇರುತ್ತದೆ. ಸಿಕ್ಕವರಲ್ಲಿ ಒಬ್ಬರು ಟೋಕಿಯೋದವರು, ಇನ್ನೊಬ್ಬರು ವೈಫೈಯಲ್ಲಿ ತೂಗಾಡುವವರು, ಮತ್ತೊಬ್ಬರು ಒಂದು ಮ್ಯಾಚ್ ಗೆದ್ದ ತಕ್ಷಣ ಕಾಲ್ಕೀಳುವವರು.

ನಾನಿರುವುದು ದಾವಣಗೆರೆಯಲ್ಲಿ. ಇಲ್ಲಿ ಕ್ರಿಕೆಟ್‌ಗೆ ಹನ್ನೊಂದು ಜನ ಸಿಗುತ್ತಾರೆ, ಮೊಬೈಲಿನ ಶೂಟಿಂಗ್ ಗೇಮ್‌ಗಳಿಗೆ ಓಣಿಗೊಂದು ಟೀಮ್ ಇದೆ, ಟೆಕ್ಕೆನ್‌ಗೆ ಒಬ್ಬ ಸಿಗುವುದು ಕಷ್ಟ. ಹಾಗಾಗಿ ಜನರನ್ನು ಆನ್‌ಲೈನ್‌ನಲ್ಲೇ ಕೂಡಿಸಿಕೊಳ್ಳಬೇಕಾಯಿತು. ಗೇಮೇ ಜೊತೆ ಹುಡುಕಿಕೊಡುತ್ತದೆ ಎಂದು ಕೂತ ಎಷ್ಟೋ ಜನ ವರ್ಷದೊಳಗೆ ಆಟ ಬಿಟ್ಟಿದ್ದಾರೆ. ನಾಲ್ಕಾರು ಜನರನ್ನು ತಾವಾಗಿ ಕಟ್ಟಿಕೊಂಡವರು ಇವತ್ತಿಗೂ ಆಡುತ್ತಿದ್ದಾರೆ. ಕೆಳಗಿನದು ಈ ಎರಡನೆಯ ಗುಂಪಿನವರಿಗೆ, ಅಥವಾ ಆ ಗುಂಪಿಗೆ ಸೇರಬೇಕೆನ್ನುವವರಿಗೆ.

1. ಮೊದಲು ದೂರ ಕೇಳಿ, ರ‍್ಯಾಂಕ್ ಆಮೇಲೆ

ಈ ಆಟಗಳು ಸೆಕೆಂಡಿಗೆ 60 ಫ್ರೇಮ್ ಲೆಕ್ಕದಲ್ಲಿ ಓಡುತ್ತವೆ. ಒಂದು ಫ್ರೇಮ್ ಎಂದರೆ ಸುಮಾರು 16.7 ಮಿಲಿಸೆಕೆಂಡ್. ಟೆಕ್ಕೆನ್‌ನ ಚುರುಕು ಜ್ಯಾಬ್ ತಾಗುವುದಕ್ಕೆ 10 ಫ್ರೇಮ್ ಬೇಕು, ಸ್ಟ್ರೀಟ್ ಫೈಟರ್ 6ರಲ್ಲಿ 4 ಸಾಕು. ಎರಡು ಮೂರು ಫ್ರೇಮ್ ಹೆಚ್ಚುಕಮ್ಮಿಯಲ್ಲಿ ಯಾರ ಹೊಡೆತ ಮೊದಲು ಎಂಬುದು ತೀರ್ಮಾನವಾಗುತ್ತದೆ. ಚೆಸ್ ಆಡುವವರಿಗೆ ಎದುರಾಳಿ ಅಮೆರಿಕದಲ್ಲಿದ್ದರೂ ನಡೆದೀತು. ನಮಗೆ ನಡೆಯುವುದಿಲ್ಲ.

ಆಪ್ಟಿಕಲ್ ಫೈಬರ್ ಒಳಗೆ ಬೆಳಕು ಸೆಕೆಂಡಿಗೆ ಹತ್ತಿರ ಹತ್ತಿರ 2 ಲಕ್ಷ ಕಿ.ಮೀ. ಓಡುತ್ತದೆ. ಅಂದರೆ ಸಾವಿರ ಕಿ.ಮೀ. ದೂರಕ್ಕೆ ಹೋಗಿ ಬರಲು 10 ಮಿಲಿಸೆಕೆಂಡ್. ಅದೂ ದಾರಿ ನೇರವಾಗಿದ್ದು, ನಡುವೆ ಯಾವ ಯಂತ್ರವೂ ತಡೆದು ನಿಲ್ಲಿಸದಿದ್ದರೆ. ಬೆಂಗಳೂರಿನಿಂದ ಮುಂಬೈ 850 ಕಿ.ಮೀ. ಆಸುಪಾಸು, ಲೆಕ್ಕಕ್ಕೆ ಪಿಂಗ್, ಅಂದರೆ ಹೋಗಿ ಬರುವ ಸಮಯ, ಎಂಟೊಂಬತ್ತು ಮಿಲಿಸೆಕೆಂಡ್ ಬರಬೇಕು, ಮನೆಯ ಲೈನಿನಲ್ಲಿ ನಾನು ಕಾಣುವುದು ಇಪ್ಪತ್ತೈದು ಮೂವತ್ತು. ಹಣ ಕೊಟ್ಟು ಸ್ಪೀಡ್ ಹೆಚ್ಚಿಸಿಕೊಂಡರೆ ಇದು ಇಳಿಯುತ್ತದೆಂದು ಹೇಳುವವರಿದ್ದಾರೆ. ಇಳಿಯುವುದಿಲ್ಲ. 40 ಎಂಬಿಪಿಎಸ್ ಲೈನೂ 300 ಎಂಬಿಪಿಎಸ್ ಲೈನೂ ಮುಂಬೈಗೆ ಹೋಗುವುದು ಒಂದೇ ವೇಗದಲ್ಲಿ. ದೊಡ್ಡ ಪ್ಲಾನ್ ತೆಗೆದುಕೊಂಡರೆ ಹೆಚ್ಚು ಸಾಮಾನು ಹೋಗುತ್ತದೆ, ಅಷ್ಟೇ.

ಇನ್ನೊಂದು ಮಾತು, ಭೂಪಟ ನಂಬಬೇಡಿ. ನಕ್ಷೆಯಲ್ಲಿ ದಾವಣಗೆರೆಗೆ ಸಿಂಗಾಪುರಕ್ಕಿಂತ ಲಾಹೋರ್ ಹತ್ತಿರ. ಆದರೆ ಚೆನ್ನೈನಿಂದ ಸಮುದ್ರದಡಿಯ ಕೇಬಲ್‌ಗಳು ಸಿಂಗಾಪುರಕ್ಕೆ ಹೋಗುತ್ತವೆ, ಲಾಹೋರಿಗೆ ಹೋಗಬೇಕಾದ ಮಾಹಿತಿ ಊರೆಲ್ಲ ಸುತ್ತಿ ಬರುತ್ತದೆ. ಹಾಗಾಗಿ ಸಿಂಗಾಪುರದವರೊಡನೆ ಆಡಿದ ಮ್ಯಾಚ್‌ಗಳು ಎಷ್ಟೋ ಸಲ ನುಣುಪಾಗಿರುತ್ತವೆ, ಲಾಹೋರಿನವರೊಡನೆ ಆಡಿದವು ಕುಂಟುತ್ತವೆ. ಒಂದೇ ಊರಿನಲ್ಲೂ ಈ ಕಥೆ ಇದೆ. ನಮ್ಮ ಮನೆಯಿಂದ ಎರಡು ಕಿ.ಮೀ. ಆಚೆ ಇರುವ ಗೆಳೆಯನದು ಬೇರೆ ಕಂಪನಿಯ ಲೈನ್. ನನ್ನ ಪಂಚ್ ಮೊದಲು ಯಾವುದೋ ಮಹಾನಗರದ ಎಕ್ಸ್‌ಚೇಂಜ್ ಮುಟ್ಟಿ, ಅಲ್ಲಿ ಕಂಪನಿ ಬದಲಿಸಿ, ವಾಪಸ್ ದಾವಣಗೆರೆಗೆ ಬಂದು ಅವನ ಮುಖಕ್ಕೆ ತಾಗುತ್ತದೆ. ಯಾರು ಹತ್ತಿರ ಎಂಬುದನ್ನು ಆಡಿಯೇ ತಿಳಿಯಬೇಕು.

ನನ್ನ ಅಳತೆ ಹೀಗಿದೆ. ಪಿಂಗ್ 40ರೊಳಗಿದ್ದರೆ ಕಣ್ಣುಮುಚ್ಚಿ ಒಪ್ಪಿಕೊಳ್ಳುತ್ತೇನೆ. 80ರವರೆಗೆ ಆಡುತ್ತೇನೆ. 120 ದಾಟಿದರೆ ಎದುರಿಗಿರುವವರು ಎಷ್ಟೇ ದೊಡ್ಡ ಆಟಗಾರರಾಗಿದ್ದರೂ ಕೈ ಮುಗಿಯುತ್ತೇನೆ. ದೊಡ್ಡವರೂ ಇದನ್ನು ಒಪ್ಪಿದ್ದಾರೆ ಎನ್ನುವುದಕ್ಕೆ ಸಾಕ್ಷಿ ಬೇಕೆಂದರೆ, ಲಾಸ್ ವೇಗಸ್‌ನಲ್ಲಿ ಜಗತ್ತನ್ನೇ ಒಂದೆಡೆ ಸೇರಿಸುತ್ತಿದ್ದ ಈವೊ ಪಂದ್ಯಾವಳಿ ಕೋವಿಡ್ ಕಾಲದಲ್ಲಿ, 2021ರಲ್ಲಿ, ಆನ್‌ಲೈನ್‌ಗೆ ಬಂದಾಗ ಒಂದೇ ಚಾಂಪಿಯನ್‌ಗಿರಿ ಇಡಲಿಲ್ಲ, ಪ್ರದೇಶ ಪ್ರದೇಶಕ್ಕೆ ಬೇರೆ ಬೇರೆ ಪಂದ್ಯ ನಡೆಸಿತು.

2. ರೋಲ್‌ಬ್ಯಾಕ್ ಮುಚ್ಚುವುದೆಷ್ಟು, ಮುಚ್ಚಲಾಗದ್ದೆಷ್ಟು

ಹಳೆಯ ಆನ್‌ಲೈನ್ ಫೈಟಿಂಗ್ ಗೇಮ್‌ಗಳಲ್ಲಿ ಎದುರಾಳಿಯ ಬಟನ್ ಬಂದು ಮುಟ್ಟುವವರೆಗೆ ಇಬ್ಬರ ಆಟವೂ ಕಾಯುತ್ತಿತ್ತು. ಲೈನ್ ಏರುಪೇರಾದರೆ ಆಟವೂ ತಡವರಿಸುತ್ತಿತ್ತು. 2006ರಲ್ಲಿ ಎಕ್ಸ್‌ಬಾಕ್ಸ್ 360ಕ್ಕೆ ಬಂದ ಸ್ಟ್ರೀಟ್ ಫೈಟರ್ 2 ಹೈಪರ್ ಫೈಟಿಂಗ್ ಆಡಿ ಬೇಸತ್ತ ಟೋನಿ ಕ್ಯಾನನ್, ಇದಕ್ಕೆ ಮದ್ದಾಗಿ ಜಿಜಿಪಿಒ ಎಂಬ ವ್ಯವಸ್ಥೆ ಬರೆದ. ಈತ ಈವೊ ಕಟ್ಟಿದವರಲ್ಲೊಬ್ಬ. ಜಿಜಿಪಿಒ ಕಾಯುವುದಿಲ್ಲ. ಎದುರಾಳಿ ಕಳೆದ ಫ್ರೇಮ್‌ನಲ್ಲಿ ಒತ್ತಿದ್ದನ್ನೇ ಈಗಲೂ ಒತ್ತಿದ್ದಾನೆ ಎಂದು ಊಹಿಸಿ ಆಟವನ್ನು ಮುಂದಕ್ಕೆ ಓಡಿಸುತ್ತದೆ. ಊಹೆ ತಪ್ಪಿತೆಂದು ಗೊತ್ತಾದ ಕ್ಷಣ ಹಿಂದಿನ ಫ್ರೇಮ್‌ಗೆ ಹೋಗಿ, ಸರಿಯಾದ ಬಟನ್ ಹಾಕಿ, ಕಣ್ಣಿಗೆ ಕಾಣದಷ್ಟು ಬೇಗ ಈಗಿನ ಹೊತ್ತಿಗೆ ವಾಪಸ್ ಬರುತ್ತದೆ, ಇದೇ ರೋಲ್‌ಬ್ಯಾಕ್. ಮನುಷ್ಯರು ಬಹುಪಾಲು ಫ್ರೇಮ್‌ಗಳಲ್ಲಿ ಹೊಸದೇನೂ ಒತ್ತುವುದಿಲ್ಲವಾದ್ದರಿಂದ ಊಹೆ ಹೆಚ್ಚಾಗಿ ಸರಿಯೇ ಇರುತ್ತದೆ. 2019ರಲ್ಲಿ ಇದನ್ನು ಯಾರು ಬೇಕಾದರೂ ಬಳಸುವಂತೆ ಬಿಟ್ಟುಕೊಟ್ಟರು. ಈಗಿನ ಹೆಸರಾಂತ ಫೈಟಿಂಗ್ ಗೇಮ್‌ಗಳಲ್ಲಿ ಹೆಚ್ಚಿನವು ಈ ಜಾಡಿನಲ್ಲೇ ಇವೆ.

ಇದರಿಂದ ದೂರ ಮಾಯವಾಗುತ್ತದೆ ಎಂದು ನಂಬಿದವರು ಸ್ಟ್ರೀಟ್ ಫೈಟರ್ 6ರ ಡ್ರೈವ್ ಇಂಪ್ಯಾಕ್ಟ್ ಲೆಕ್ಕ ಹಾಕಿ ನೋಡಬೇಕು. ಆ ಹೊಡೆತ ತಾಗುವುದಕ್ಕೆ 26 ಫ್ರೇಮ್, ಅಂದರೆ 430 ಮಿಲಿಸೆಕೆಂಡ್ ಚಿಲ್ಲರೆ. ಕಣ್ಣು ಕಂಡು ಬೆರಳು ಒತ್ತುವುದಕ್ಕೆ ನಮ್ಮಂಥವರಿಗೆ ಕಾಲು ಸೆಕೆಂಡಾದರೂ ಬೇಕು. ಪಕ್ಕದಲ್ಲೇ ಕೂತು ಆಡಿದರೆ ಸಾಕಷ್ಟು ಸಮಯ ಉಳಿಯುತ್ತದೆ. ಪಿಂಗ್ 200 ಇದೆ ಎಂದುಕೊಳ್ಳಿ. ಎದುರಾಳಿ ಒತ್ತಿದ್ದು ನನಗೆ ತಿಳಿಯುವ ಹೊತ್ತಿಗೆ 100 ಮಿಲಿಸೆಕೆಂಡ್, ಅಂದರೆ ಆರು ಫ್ರೇಮ್ ಆಗಲೇ ಕಳೆದಿರುತ್ತದೆ. ರೋಲ್‌ಬ್ಯಾಕ್ ಆ ಆರು ಫ್ರೇಮ್ ತೋರಿಸುವುದೇ ಇಲ್ಲ, ನಡುವಿನಿಂದ ಶುರುಮಾಡುತ್ತದೆ. ಉಳಿದದ್ದು 20 ಫ್ರೇಮ್. ಅದರಲ್ಲಿ ಟಿವಿ ತಿನ್ನುವುದು ಒಂದಷ್ಟು. ಗೇಮ್ ಮೋಡ್ ಹಾಕದ ಟಿವಿಯಾದರೆ ಇನ್ನೂ ಹೆಚ್ಚು. ಕೊನೆಗೆ ಕಣ್ಣಿನ ಮೇಲೆ ಭರವಸೆ ಬಿಟ್ಟು ಊಹೆಯ ಮೇಲೆ ಆಡತೊಡಗುತ್ತೀರಿ. ದೂರದವರ ಜೊತೆಯೇ ಆಡಿ ಬೆಳೆದವರ ಆಟದಲ್ಲಿ ಈ ಊಹೆಯ ಚಟ ಎದ್ದು ಕಾಣುತ್ತದೆ: ಸುಮ್ಮಸುಮ್ಮನೆ ಹಾರುತ್ತಾರೆ, ಸುಮ್ಮಸುಮ್ಮನೆ ಕೂರುತ್ತಾರೆ.

3. ತಂತಿ ಎಳೆಯಿರಿ

ವೈಫೈಯಲ್ಲಿ ಸರಾಸರಿ ಪಿಂಗ್ ಚೆನ್ನಾಗಿಯೇ ಕಾಣಬಹುದು. ಕೆಡಿಸುವುದು ನಡುನಡುವೆ ಏಳುವ ನೆಗೆತ. 30, 32, 31 ಎಂದು ಹೋಗುತ್ತಿದ್ದದ್ದು ಪಕ್ಕದ ಮನೆಯವರು ಮೈಕ್ರೋವೇವ್ ಹಚ್ಚಿದಾಗ 140ಕ್ಕೆ ಹಾರುತ್ತದೆ, ಸರಿಯಾಗಿ ನಿಮ್ಮ ಕಾಂಬೊ ನಡುವೆ. ಸ್ಥಿರವಾದ 70, ಕುಣಿಯುವ 30ಕ್ಕಿಂತ ಮೇಲು. ಎದುರಾಳಿ ತಂತಿಯಲ್ಲಿದ್ದಾರೋ ವೈಫೈಯಲ್ಲಿದ್ದಾರೋ ಎಂದು ಟೆಕ್ಕೆನ್ 8, ಸ್ಟ್ರೀಟ್ ಫೈಟರ್ 6 ಎರಡೂ ಚಿಹ್ನೆ ಹಾಕಿ ತೋರಿಸುತ್ತವೆ. ವೈಫೈ ಚಿಹ್ನೆ ಕಂಡರೆ ಆಡದೇ ಬಿಡುವವರು ಬಹಳ. ನೀವು ಒಳ್ಳೆಯ ಎದುರಾಳಿಯನ್ನು ಹುಡುಕುತ್ತಿರುವಾಗ ಅವರೂ ನಿಮ್ಮನ್ನು ತೂಗಿ ನೋಡುತ್ತಿರುತ್ತಾರೆ.

ಹದಿನೈದು ಮೀಟರ್ ಕ್ಯಾಟ್ 6 ಕೇಬಲ್ ಯಾವ ಕಂಪ್ಯೂಟರ್ ಅಂಗಡಿಯಲ್ಲೂ ಸಿಗುತ್ತದೆ. ಹಜಾರದಲ್ಲಿ ರೌಟರ್, ಒಳಕೋಣೆಯಲ್ಲಿ ಗೇಮ್ ಇದ್ದರೆ ಬಾಗಿಲ ಚೌಕಟ್ಟಿನ ಮೇಲಿಂದ ಮೊಳೆ ಕ್ಲಿಪ್ ಹಾಕಿ ಎಳೆಯಿರಿ. ನೆಲದ ಮೇಲೆ ಬಿಟ್ಟರೆ ಕಸ ಗುಡಿಸುವಾಗ ಒಂದು ದಿನ ಕಿತ್ತು ಬರುತ್ತದೆ, ಆಮೇಲೆ ಮನೆಯಲ್ಲಿ ತಂತಿಯ ಮಾತೇ ಎತ್ತುವ ಹಾಗಿಲ್ಲ.

ತಂತಿ ಎಳೆದ ಮೇಲೂ ಕೆಲವರ ರೂಮಿಗೆ ಸೇರಲಾಗದಿದ್ದರೆ ದೋಷ ನಿಮ್ಮ ರೌಟರಿನದಲ್ಲದೆ ಇರಬಹುದು. ಇಂಟರ್ನೆಟ್ ಕಂಪನಿಗಳು ಐಪಿ ವಿಳಾಸಗಳ ಅಭಾವದಿಂದ ನೂರಾರು ಮನೆಗಳಿಗೆ ಒಂದೇ ಸಾರ್ವಜನಿಕ ವಿಳಾಸ ಹಂಚುತ್ತವೆ. ಇಬ್ಬರ ಯಂತ್ರಗಳು ನೇರವಾಗಿ ಮಾತಾಡಿಕೊಳ್ಳಬೇಕಾದ ಆಟಗಳಿಗೆ ಇದು ಗೋಡೆ. ರೌಟರಿನ ಪುಟದಲ್ಲಿ ತೋರಿಸುವ ವಿಳಾಸ 100.64ರಿಂದ 100.127ರ ನಡುವೆ ಶುರುವಾಗುತ್ತಿದ್ದರೆ ನೀವೂ ಹಾಗೆ ಹಂಚಿಕೊಂಡವರೇ. ಕಾಲ್ ಸೆಂಟರಿಗೆ ಫೋನ್ ಮಾಡಿ “ಗೇಮ್ ಲ್ಯಾಗ್ ಆಗ್ತಿದೆ” ಎಂದರೆ ರೌಟರ್ ಆಫ್ ಮಾಡಿ ಆನ್ ಮಾಡಿ ಎನ್ನುತ್ತಾರೆ. “ಸ್ಟ್ಯಾಟಿಕ್ ಪಬ್ಲಿಕ್ ಐಪಿ ಬೇಕು, ತಿಂಗಳಿಗೆ ಎಷ್ಟು?” ಎಂದು ಕೇಳಿ. ಆಗ ಮಾತು ಸರಿಯಾದ ಮೇಜಿಗೆ ಹೋಗುತ್ತದೆ.

4. ರ‍್ಯಾಂಕ್ಡ್ ಮ್ಯಾಚ್ ತಕ್ಕಡಿ, ಅಷ್ಟಕ್ಕೇ ಬಳಸಿ

ಟೆಕ್ಕೆನ್‌ನಲ್ಲಿ ಗರ್ಯು ರ‍್ಯಾಂಕ್ ಮುಟ್ಟಿದೆ, ಫ್ಯೂಜಿನ್ ಮುಟ್ಟಿದೆ ಎಂದು ಹಿಗ್ಗುವುದರಲ್ಲಿ ತಪ್ಪಿಲ್ಲ. ಆದರೆ ಇಲ್ಲಿ ಮೂರರಲ್ಲಿ ಎರಡು ಗೆದ್ದವರು ಮುಂದಕ್ಕೆ, ಅಷ್ಟರಲ್ಲಿ ಎದುರಾಳಿ ಮಾಯ. ಅವರ ಚಾಳಿಯೇನು, ನಿಮ್ಮ ಚಾಳಿಯೇನು ಎಂಬುದು ಗೊತ್ತಾಗುವ ಮೊದಲೇ ಮುಗಿದಿರುತ್ತದೆ. ನಾನು ರ‍್ಯಾಂಕ್ಡ್ ಆಡುವುದು ಬಹುತೇಕ ಜನ ಹುಡುಕುವುದಕ್ಕೆ. ಸೋತರೂ ಗೆದ್ದರೂ ಆಟ ನುಣುಪಾಗಿ ಹೋಗಿ, ಎದುರಾಳಿ ಏನೋ ಯೋಚಿಸಿ ಆಡಿದ್ದಾರೆ ಅನ್ನಿಸಿದರೆ ತಕ್ಷಣ ಫ್ರೆಂಡ್ ರಿಕ್ವೆಸ್ಟ್ ಕಳಿಸುತ್ತೇನೆ. ಬಹಳ ಜನ ಉತ್ತರಿಸುವುದಿಲ್ಲ. ಉತ್ತರಿಸಿದವರಲ್ಲಿ ಇಬ್ಬರು ಇವತ್ತಿಗೂ ವಾರ ತಪ್ಪದೆ ಬರುವವರು.

5. ಒಬ್ಬರನ್ನೇ ಹತ್ತು ಗೆಲುವಿನವರೆಗೆ ಆಡಿ

ಯಾರು ಮೊದಲು ಹತ್ತು ಮ್ಯಾಚ್ ಗೆಲ್ಲುತ್ತಾರೋ ಅವರದು ಆಟ. ನಮ್ಮವರು ಇದಕ್ಕೆ ಎಫ್‌ಟಿ ಟೆನ್ ಅನ್ನುತ್ತಾರೆ. ಜಪಾನಿನ ದಾಯಿಗೊ ಉಮೆಹಾರ ಮತ್ತು ಟೊಕಿಡೊ 2018ರಲ್ಲಿ ಸ್ಟ್ರೀಟ್ ಫೈಟರ್ 5ರಲ್ಲಿ ಹೀಗೆ ಆಡಿ, ದಾಯಿಗೊ 10-5ರಿಂದ ಗೆದ್ದದ್ದನ್ನು ಈಗಲೂ ಕೂತು ನೋಡುತ್ತಾರೆ. ಹೊಸಬರಿಗೆ ಸಿಕ್ಕಾಪಟ್ಟೆ ಉದ್ದ ಅನ್ನಿಸುತ್ತದೆ. ಉದ್ದದಲ್ಲೇ ಅದರ ಗುಟ್ಟಿದೆ.

ಕಲಬುರಗಿಯ ಒಬ್ಬ ಹುಡುಗ ನನ್ನ ಜೊತೆ ಟೆಕ್ಕೆನ್ 8 ಆಡುತ್ತಾನೆ. ಅವನ ಆಟಗಾರ ಕಿಂಗ್, ಜಾಗ್ವಾರ್ ಮುಖವಾಡದ ಕುಸ್ತಿಪಟು. ಕಿಂಗ್ ಹಿಡಿದು ಎತ್ತಿ ಒಗೆಯುವವನು. ಹಿಡಿಯಲು ಬರುವಾಗ ಅವನ ಕೈ ನೋಡಬೇಕು: ಎಡಗೈ ಮುಂದೆ ಬಂದರೆ ಎಡ ಪಂಚ್ ಒತ್ತಿ ಬಿಡಿಸಿಕೊಳ್ಳಬೇಕು, ಬಲಗೈ ಬಂದರೆ ಬಲ ಪಂಚ್, ಎರಡೂ ಬಂದರೆ ಎರಡೂ. ಮೊದಲ ನಾಲ್ಕೈದು ಮ್ಯಾಚ್ ನಾನು ಕೈ ನೋಡುವ ಗೊಡವೆಗೇ ಹೋಗಲಿಲ್ಲ. ಅವನು ಜ್ಯಾಬ್ ಹೊಡೆದು ಹಿಡಿಯಲು ಬರುತ್ತಾನೆಂದು ಗೊತ್ತಿತ್ತು, ಜ್ಯಾಬ್ ತಡೆದು ಕೂತುಬಿಡುತ್ತಿದ್ದೆ. ಕೂತರೆ ನಿಂತವನನ್ನು ಹಿಡಿಯುವ ಕೈ ತಲೆಮೇಲೆ ಹಾದುಹೋಗುತ್ತದೆ. ಸಾಲಾಗಿ ಗೆದ್ದೆ. ಆರನೆಯದರಲ್ಲಿ ಅವನು ಜ್ಯಾಬ್ ಹೊಡೆದ, ನಾನು ಕೂತೆ, ಅವನು ಹಿಡಿಯಲು ಬರಲಿಲ್ಲ. ಅರೆಕ್ಷಣ ನಿಂತು ಮೊಣಕಾಲು ಕೊಟ್ಟ. ಕಿವಿಯಲ್ಲಿ ಅವನ ದನಿ: “ಅಣ್ಣಾ, ಜ್ಯಾಬ್ ತಡದ ಮ್ಯಾಲ ಪ್ರತಿ ಸಲ ಕುಂದರ್ತೀರಿ ನೀವು.” ಅಲ್ಲಿಂದ ಕೂರುವುದಕ್ಕೆ ಹೆದರಿ ನಿಲ್ಲತೊಡಗಿದೆ, ನಿಂತರೆ ಹಿಡಿದು ಗಿರಗಿರ ತಿರುಗಿಸಿ ಒಗೆದ. ಆಮೇಲೆ ಬೇರೆ ದಾರಿಯಿಲ್ಲದೆ ಕೈ ನೋಡುವುದನ್ನು ಕಲಿತೆ. ಹಿಡಿಯುವ ಮುಂಚೆ ಅವನು ಅರ್ಧ ಹೆಜ್ಜೆ ಹಿಂದೆ ಸರಿಯುತ್ತಾನೆ ಎಂಬುದೂ ಆಗಲೇ ಕಂಡದ್ದು. ಅದನ್ನು ಅವನಿಗೆ ಇನ್ನೂ ಹೇಳಿಲ್ಲ.

ರ‍್ಯಾಂಕ್ಡ್‌ನಲ್ಲಿ ಇದೇ ಹುಡುಗ ಸಿಕ್ಕಿದ್ದರೆ ಮೊದಲೆರಡು ಗೆದ್ದು, ಕಿಂಗ್‌ಗೆ ಮದ್ದು ಗೊತ್ತು ಎಂದುಕೊಂಡು ಎದ್ದುಹೋಗಿರುತ್ತಿದ್ದೆ.

ಅದೇ ಜನರೊಡನೆ ಮತ್ತೆ ಮತ್ತೆ ಆಡುವುದರ ದೊಡ್ಡ ರೂಪ ಪಾಕಿಸ್ತಾನದ್ದು. ಲಾಹೋರಿನ ಅರ್ಸಲಾನ್ ಆ್ಯಶ್ 2019ರ ಫೆಬ್ರವರಿಯಲ್ಲಿ ಜಪಾನಿನ ಫುಕುವೋಕದಲ್ಲಿ ಈವೊ ಜಪಾನ್ ಗೆದ್ದಾಗ ಹೊರಗಿನವರಿಗೆ ಅವನ ಹೆಸರೇ ಸರಿಯಾಗಿ ಗೊತ್ತಿರಲಿಲ್ಲ. ಅದೇ ಆಗಸ್ಟ್‌ನಲ್ಲಿ ಲಾಸ್ ವೇಗಸ್‌ನ ಈವೊ ಕೂಡ ಗೆದ್ದ, ಫೈನಲ್‌ನಲ್ಲಿ ಸೋತದ್ದು ಕೊರಿಯಾದ ದಿಗ್ಗಜ ಬೇ ಜೇ-ಮಿನ್. ನಮ್ಮ ದೇಶದಲ್ಲಿ ಇನ್ನೂ ಚೆನ್ನಾಗಿ ಆಡುವವರಿದ್ದಾರೆ ಎಂದು ಅರ್ಸಲಾನ್ ಹೇಳಿದ್ದನ್ನು ಕೆಲವರು ವಿನಯ ಅಂದುಕೊಂಡರು. ಅವನ ದೇಶದವನೇ ಆದ ಆತಿಫ್ ಬಟ್ ಮುಂದೆ ಟೆಕ್ಕೆನ್ ವರ್ಲ್ಡ್ ಟೂರ್‌ನ ಫೈನಲ್ಸ್ ಗೆದ್ದು ಅನುಮಾನ ತೀರಿಸಿದ. ಗೇಮ್ ಅಂಗಡಿಗಳಲ್ಲಿ, ಅದೇ ಹತ್ತಾರು ಜನರೊಡನೆ, ಆಡಿ ಬೆಳೆದವರು ಇವರು. ನಮಗೆ ಅಂಥ ಅಂಗಡಿ ಇಲ್ಲ. ಆದರೆ ಅದೇ ನಾಲ್ಕು ಜನರನ್ನು ಮತ್ತೆ ಮತ್ತೆ ಎದುರಿಸುವ ಭಾಗವನ್ನು ಆನ್‌ಲೈನ್‌ನಲ್ಲೂ ಮಾಡಬಹುದು, ಮಾಡುವವರು ಕಡಿಮೆ.

6. ಮೊದಲ ಮೆಸೇಜ್‌ನಲ್ಲೇ ಎಲ್ಲ ಹೇಳಿ

ಡಿಸ್ಕಾರ್ಡ್‌ನಲ್ಲಿ ಟೆಕ್ಕೆನ್, ಸ್ಟ್ರೀಟ್ ಫೈಟರ್ ಆಡುವ ಭಾರತೀಯರ ಗುಂಪುಗಳಿವೆ. ಅವುಗಳಲ್ಲಿ ಎದುರಾಳಿ ಹುಡುಕುವುದಕ್ಕೆಂದೇ ಬೇರೆ ಕೋಣೆಗಳಿರುತ್ತವೆ. ಅಲ್ಲಿ “ಎನಿಒನ್?” ಎಂದು ಬರೆದು ಕೂತವರಿಗೆ ಯಾರೂ ಸಿಗುವುದಿಲ್ಲ. ಓದುವವರಿಗೆ ಐದು ಪ್ರಶ್ನೆ ಉಳಿಯುತ್ತದೆ, ಕೇಳುವ ಬದಲು ಮುಂದಕ್ಕೆ ಸರಿಯುತ್ತಾರೆ. ನಮ್ಮ ಗುಂಪಿನಲ್ಲಿ ಕೆಲಸ ಮಾಡುವ ಮಾದರಿ ಇದು:

“ಟೆಕ್ಕೆನ್ 8, ಪಿಸಿ, ದಾವಣಗೆರೆ, ತಂತಿ. ತೆನ್ರ್ಯು ರ‍್ಯಾಂಕ್, ಜಿನ್ ಆಡ್ತೀನಿ. ಇವತ್ತು 10ರಿಂದ 11.30. ಎಫ್‌ಟಿ ಫೈವ್ ಅಥವಾ ಟೆನ್. ಕಿಂಗ್, ಲಾ ಆಡೋರು ಇದ್ರೆ ಇನ್ನೂ ಒಳ್ಳೇದು.”

ಊರಿನ ಹೆಸರು ಹಾಕಿದರೆ ಪಿಂಗ್‌ನ ಅಂದಾಜು ಸಿಗುತ್ತದೆ. ಎಷ್ಟು ಹೊತ್ತಿಗೆ ಏಳುತ್ತೀರಿ ಎಂದು ಮೊದಲೇ ಹೇಳಿದರೆ ಎದುರಿನವರೂ ಧೈರ್ಯವಾಗಿ ಬರುತ್ತಾರೆ. ಕೊನೆಯಿಲ್ಲದ ಆಟಕ್ಕೆ ನಾಳೆ ಡ್ಯೂಟಿ ಇರುವವರು ಹಿಂಜರಿಯುತ್ತಾರೆ. ಯಾವ ಆಟಗಾರರು ಬೇಕೆಂದು ಹೇಳಿದರೆ ನೀವು ಕಲಿಯಲು ಬಂದವರು ಎಂದು ಗೊತ್ತಾಗುತ್ತದೆ. ಪಿಸಿಯೋ ಪ್ಲೇಸ್ಟೇಷನ್ನೋ ಎಂಬುದು ಈಗ ಅಷ್ಟು ಮುಖ್ಯವಲ್ಲ, ಈ ಎರಡು ಗೇಮ್‌ಗಳಲ್ಲೂ ಕ್ರಾಸ್‌ಪ್ಲೇ ಇದೆ. ಹೊಸದಾಗಿ ಯಂತ್ರ ಕೊಳ್ಳುವವರಿಗೆ ಒಂದು ತಿಳಿದಿರಲಿ, ಪ್ಲೇಸ್ಟೇಷನ್‌ನಲ್ಲಿ ಈ ಗೇಮ್‌ಗಳನ್ನು ಆನ್‌ಲೈನ್ ಆಡಲು ಪಿಎಸ್ ಪ್ಲಸ್ ಚಂದಾ ಬೇರೆ ಕಟ್ಟಬೇಕು. ಪಿಸಿಯಲ್ಲಿ ಅಂಥದ್ದಿಲ್ಲ.

7. ವಾರದಲ್ಲಿ ಒಂದು ಗಳಿಗೆ ಗೊತ್ತುಮಾಡಿ

“ಫ್ರೀ ಇದ್ದಾಗ ಆಡೋಣ ಗುರು” ಎಂದವರು ಆಡಿದ್ದನ್ನು ನಾನು ಕಂಡಿಲ್ಲ. ಬುಧವಾರ ರಾತ್ರಿ ಹತ್ತು ಎಂದು ಗೊತ್ತುಮಾಡಿದ ಮೇಲೆ ನಮ್ಮದು ನಡೆಯಿತು. ಗುಂಪಿನಲ್ಲಿ ದುಬೈನ ಒಬ್ಬರಿದ್ದಾರೆ, ಮಂಗಳೂರಿನ ಕಡೆಯವರು. ಅಲ್ಲಿ ಗಡಿಯಾರ ನಮಗಿಂತ ಒಂದೂವರೆ ಗಂಟೆ ಹಿಂದೆ, ನಮ್ಮ ಹತ್ತು ಅವರಿಗೆ ಎಂಟೂವರೆ, ಆರಾಮಾಗಿ ಊಟ ಮುಗಿಸಿ ಬರುತ್ತಾರೆ. ಸಿಂಗಾಪುರದ ಹುಡುಗನಿಗೆ ಆಗ ಮಧ್ಯರಾತ್ರಿ ಹನ್ನೆರಡೂವರೆ. ಅವನಿಗಾಗಿ ಭಾನುವಾರ ಸಂಜೆ ಆರು ಇಟ್ಟುಕೊಂಡಿದ್ದೇವೆ. ಪರೀಕ್ಷೆಯ ತಿಂಗಳುಗಳಲ್ಲಿ ಗುಂಪು ಅರ್ಧ ಖಾಲಿ. ಅದಕ್ಕೆ ಮದ್ದಿಲ್ಲ, ಇರಲೂಬಾರದು.

8. ಸಮಬಲದವರು ಹೆಚ್ಚು, ಬಲಶಾಲಿ ಒಬ್ಬ, ಹೊಸಬ ಒಬ್ಬ

ತನಗಿಂತ ಬಲಶಾಲಿಗಳ ಜೊತೆಯೇ ಆಡಬೇಕೆಂಬ ಉಪದೇಶ ಎಲ್ಲೆಡೆ ಕೇಳಿಸುತ್ತದೆ. 0-10ರಿಂದ ಸೋತ ರಾತ್ರಿ ಕಲಿತದ್ದೇನು ಎಂದು ಕೇಳಿದರೆ ಯಾರಿಗೂ ಉತ್ತರ ಹೊಳೆಯುವುದಿಲ್ಲ. ಪ್ರಶ್ನೆ ಕೇಳುವಷ್ಟು ಬಿಡುವನ್ನೇ ಬಲಶಾಲಿ ಕೊಡುವುದಿಲ್ಲ. ಅಂಥ ಒಬ್ಬರು ಸಾಕು, ತಿಂಗಳಿಗೊಮ್ಮೆ. ಹೊಸಬರನ್ನು ಮಾತ್ರ ಬಿಡಬೇಡಿ. ಅವರಿಗೆ ಹೇಳಿಕೊಡುವಾಗ ನಿಮ್ಮ ಆಟದ ತೂತುಗಳು ನಿಮಗೇ ಕಾಣಿಸುತ್ತವೆ, ಮತ್ತು ಆರು ತಿಂಗಳಲ್ಲಿ ಅವರೇ ನಿಮ್ಮ ಸಮಬಲದ ಎದುರಾಳಿ.

9. ಕರೆಂಟ್ ಹೋದದ್ದಕ್ಕೂ ತಂತಿ ಕಿತ್ತದ್ದಕ್ಕೂ ವ್ಯತ್ಯಾಸ ಕಾಣುವುದಿಲ್ಲ

ಸೋಲುವ ಹೊತ್ತಿಗೆ ಲೈನ್ ಕೀಳುವವರು ಎಲ್ಲ ದೇಶದಲ್ಲೂ ಇದ್ದಾರೆ. ಆದರೆ ನಮ್ಮಲ್ಲಿ ನಿಜವಾಗಿಯೂ ಕರೆಂಟ್ ಹೋಗುತ್ತದೆ, ಅದೂ ಸರಿಯಾಗಿ ಕೊನೆಯ ರೌಂಡಿನಲ್ಲಿ. ಎದುರಿನವರ ಪರದೆಯಲ್ಲಿ ಎರಡೂ ಒಂದೇ ತರ. ಮನೆಗೆ ಯುಪಿಎಸ್ ಇದ್ದರೂ ರೌಟರನ್ನು ಅದಕ್ಕೆ ಜೋಡಿಸದೆ ಬಿಟ್ಟವರು ಬಹಳ. ರೌಟರಿಗೆಂದೇ 12 ವೋಲ್ಟಿನ ಪುಟ್ಟ ಯುಪಿಎಸ್ ಸಿಗುತ್ತದೆ. ಅದೂ ಇಲ್ಲವಾದರೆ ಮೊಬೈಲ್‌ನಿಂದ ತಕ್ಷಣ “ಕರೆಂಟ್ ಹೋಯ್ತು, ಆ ಮ್ಯಾಚ್ ನಿಮ್ದೇ” ಎಂದು ಬರೆದುಬಿಡಿ. ಆ ಒಂದು ಸಾಲು ಕಳಿಸಿದವರನ್ನು ಜನ ಮತ್ತೆ ಕರೆಯುತ್ತಾರೆ.

10. ಮೈಕ್ ಕಡ್ಡಾಯ ಮಾಡಬೇಡಿ

ಬಿದ್ದವನ ಮೇಲೆ ಕೂತು ಎದ್ದು ಕುಣಿಯುವ ಚೇಷ್ಟೆ ಗೆಳೆಯರ ನಡುವೆ ನಗು ತರಿಸುತ್ತದೆ. ಮೊದಲ ಸಲ ಆಡುತ್ತಿರುವವರಿಗೆ ಮಾಡಿದರೆ ಅವರು ಎರಡನೆಯ ಸಲ ಬರುವುದಿಲ್ಲ. ಮೈಕ್ ವಿಷಯ ಇದಕ್ಕಿಂತ ಗಂಭೀರ. ನಮ್ಮ ಗುಂಪಿನ ಅತ್ಯುತ್ತಮ ಆಟಗಾರರಲ್ಲೊಬ್ಬಳು ಮೈಸೂರಿನ ಹುಡುಗಿ. ಹೊರಗಿನ ಗುಂಪುಗಳಲ್ಲಿ ಈಗಲೂ ಗಂಡು ಹೆಸರಿನಲ್ಲೇ ಆಡುತ್ತಾಳೆ, ಮೈಕ್ ಮುಟ್ಟುವುದಿಲ್ಲ. ದನಿ ಕೇಳಿದ ಮರುಕ್ಷಣ ಆಟದ ಮಾತು ನಿಂತು ಬೇರೆ ಮಾತು ಶುರುವಾಗುತ್ತದೆಂದು ಅವಳೇ ಹೇಳಿದ್ದು. “ಮೈಕ್ ಇಲ್ದೋರು ಬರ್ಬೇಡಿ” ಎಂಬ ನಿಯಮ ಮಾಡಿದ ಗುಂಪುಗಳು ಇಂಥವರನ್ನು ಹೊರಗಿಟ್ಟು, ಆಮೇಲೆ ಎದುರಾಳಿಗಳೇ ಸಿಗುವುದಿಲ್ಲ ಎಂದು ಗೊಣಗುತ್ತವೆ. ನಮ್ಮಲ್ಲಿ ಬರವಣಿಗೆಯ ಚಾಟ್ ಸಾಕು. ಹದ್ದುಮೀರಿದವರನ್ನು ಎರಡನೆಯ ಎಚ್ಚರಿಕೆಯಿಲ್ಲದೆ ತೆಗೆಯುತ್ತೇವೆ, ಅವರೆಷ್ಟೇ ಚೆನ್ನಾಗಿ ಆಡಲಿ.

11. ದುಡ್ಡು ಕಟ್ಟಬೇಡಿ

“ಮಗಾ, ಐನೂರು ಇಟ್ಕೊಂಡು ಆಡೋಣ್ವಾ?” ಎಂದವರಿಗೆ ಬೇಡ ಎನ್ನಿ. ಹಣ ಕಟ್ಟಿ ಆಡುವ ಆನ್‌ಲೈನ್ ಆಟಗಳನ್ನು ನಿಷೇಧಿಸುವ ಕಾನೂನನ್ನು 2025ರ ಆಗಸ್ಟ್‌ನಲ್ಲಿ ಸಂಸತ್ತು ಮಾಡಿದೆ, ಇ-ಸ್ಪೋರ್ಟ್ಸ್ ಅನ್ನು ಅದರಿಂದ ಬೇರೆಯಾಗಿ ಗುರುತಿಸಿದೆ. ಕಾನೂನಿನ ಮಾತು ಬಿಟ್ಟರೂ, ಲ್ಯಾಗ್ ಬಂತು, ಕರೆಂಟ್ ಹೋಯಿತು ಎಂಬುದೆಲ್ಲ ಐನೂರು ರೂಪಾಯಿಯ ಜಗಳವಾಗುತ್ತದೆ.

12. ಯಾರೂ ಸಿಗದ ರಾತ್ರಿಗೆ

ಟೆಕ್ಕೆನ್ 8ರಲ್ಲಿ ಘೋಸ್ಟ್ ಎಂಬುದಿದೆ. ನೀವು ಆಡುವ ರೀತಿಯನ್ನು ಗೇಮ್ ಕಲಿತು ನಿಮ್ಮದೊಂದು ನಕಲು ಮಾಡಿಡುತ್ತದೆ, ಬೇರೆಯವರು ಅದನ್ನು ಇಳಿಸಿಕೊಂಡು ಆಡಬಹುದು. ಕಲಬುರಗಿಯ ಹುಡುಗನ ಘೋಸ್ಟ್ ನನ್ನ ಬಳಿ ಇದೆ. ಅವನ ಜಾಣತನ ಅದಕ್ಕೆ ಬಂದಿಲ್ಲ, ಚಾಳಿಗಳು ಅಚ್ಚುಕಟ್ಟಾಗಿ ಬಂದಿವೆ. ಹಳೆಯ ಮ್ಯಾಚ್‌ನ ರೀಪ್ಲೇ ಹಾಕಿ, ತಪ್ಪಿದ ಜಾಗದಲ್ಲಿ ನಿಲ್ಲಿಸಿ, ಅಲ್ಲಿಂದ ತಾನೇ ಆಡಿ ನೋಡುವ ಅನುಕೂಲವೂ ಇದೆ.

ಇನ್ನೊಂದು ದಾರಿ ಹಳೆಯ ಆಟಗಳದು. ಒಂದು ರೂಪಾಯಿ ನಾಣ್ಯ ಹಾಕಿ ವಿಡಿಯೋ ಗೇಮ್ ಅಂಗಡಿಗಳಲ್ಲಿ ಕಿಂಗ್ ಆಫ್ ಫೈಟರ್ಸ್ 97 ಆಡಿ ಬೆಳೆದ ಪೀಳಿಗೆಯೊಂದು ಕರ್ನಾಟಕದಲ್ಲಿದೆ. ಆಗ ಪಕ್ಕದ ಯಂತ್ರದಲ್ಲಿ ಜನ ಮುಸ್ತಫಾ ಎನ್ನುತ್ತಿದ್ದ ಆಟ ಓಡುತ್ತಿರುತ್ತಿತ್ತು. ಅಂಥ ಆಟಗಳಿಗೆ ಫೈಟ್‌ಕೇಡ್ ಎಂಬ ವೇದಿಕೆ ಇದೆ. ಹಳೆಯ ಆಟಕ್ಕೆ ರೋಲ್‌ಬ್ಯಾಕ್ ಕೂಡಿಸಿದ್ದಾರೆ, ಎದುರಾಳಿಗಳ ಪಟ್ಟಿಯಲ್ಲಿ ಅವರ ದೇಶದ ಬಾವುಟ, ಪಿಂಗ್ ಎರಡೂ ಕಾಣುತ್ತವೆ. ನಿಮ್ಮ ಹೊಸ ಗೇಮ್‌ನಲ್ಲಿ ಚಕ್ರ ಸುತ್ತುತ್ತಿರುವ ಹೊತ್ತಿಗೆ ಅಲ್ಲಿ ನಲವತ್ತು ದಾಟಿದ ಮಹಾಶಯರೊಬ್ಬರು ಕಿಂಗ್ ಆಫ್ ಫೈಟರ್ಸ್‌ನ ಇಯೋರಿಯನ್ನು ಹಿಡಿದು ಕಾಯುತ್ತಿರುತ್ತಾರೆ. ಅವರಿಗೆ ನಿಮ್ಮ ಫ್ರೇಮ್ ಲೆಕ್ಕ ಗೊತ್ತಿಲ್ಲ. ಹೊಡೆಯುವುದು ಗೊತ್ತು. ವಯಸ್ಸಿನ ಮೇಲೆ ಲೆಕ್ಕ ಹಾಕಿ ಹೋಗಬೇಡಿ: ಹಾಂಗ್‌ಝೌ ಏಷ್ಯನ್ ಗೇಮ್ಸ್‌ನಲ್ಲಿ ಸ್ಟ್ರೀಟ್ ಫೈಟರ್ 5ರ ಚಿನ್ನ ಗೆದ್ದ ಕೊರಿಯಾದ ಕಿಮ್ ಗ್ವಾನ್-ವೂಗೆ ಆಗ 44.

13. ಸಿಕ್ಕವರನ್ನು ಒಮ್ಮೆಯಾದರೂ ಎದುರುಬದುರು ಕೂರಿಸಿ

ಬೆಂಗಳೂರಿನಲ್ಲಿ ಆಗಾಗ ಆಟಗಾರರು ಒಂದೆಡೆ ಸೇರುತ್ತಾರೆ. ನಮ್ಮ ಗುಂಪಿನಿಂದಲೂ ನಾಲ್ಕಾರು ಜನ ರಾತ್ರಿ ರೈಲು ಹತ್ತಿ ಹೋಗುವುದುಂಟು. ಆನ್‌ಲೈನ್‌ನಲ್ಲಿ ಯಾರೂ ತಡೆಯದ ನಿಮ್ಮ ಪ್ರೀತಿಯ ಹೊಡೆತವನ್ನು ಅಲ್ಲಿ ಎಲ್ಲರೂ ನೋಡಿಯೇ ತಡೆಯುತ್ತಾರೆ, ಲ್ಯಾಗ್ ಎಷ್ಟು ಸಾಕಿತ್ತು ಎಂಬುದು ಅರ್ಧ ಗಂಟೆಯಲ್ಲಿ ಗೊತ್ತಾಗುತ್ತದೆ. ನಿಮ್ಮ ಪ್ಯಾಡೋ ಸ್ಟಿಕ್ಕೋ ನೀವೇ ಒಯ್ಯಿರಿ, ಎರಡು ಮೀಟರ್ ಯುಎಸ್‌ಬಿ ಕೇಬಲ್ ಸಮೇತ.

ಪ್ಲೇಸ್ಟೇಷನ್ ಪ್ಯಾಡ್ ಒಯ್ಯುವವರು ನಿಮ್ಮ ಮ್ಯಾಚ್ ಮುಗಿದು ಏಳುವ ಮುಂಚೆ ಸೆಟ್ಟಿಂಗ್ಸ್‌ಗೆ ಹೋಗಿ ಆ ಯಂತ್ರದಿಂದ ಪ್ಯಾಡಿನ ಬ್ಲೂಟೂತ್ ಜೋಡಣೆ ಅಳಿಸಲೇಬೇಕು. ಮರೆತರೆ ಬ್ಯಾಗಿನೊಳಗೆ ಅದರ ಬಟನ್ ಅದುಮಿ, ನೀವು ಕಾಫಿ ಕುಡಿಯುತ್ತಿರುವಾಗ ಅಲ್ಲಿ ನಡೆಯುತ್ತಿರುವ ಬೇರೆಯವರ ಮ್ಯಾಚ್ ಗಕ್ಕನೆ ನಿಲ್ಲುತ್ತದೆ. ಪಂದ್ಯಾವಳಿಗಳಲ್ಲಿ ಮ್ಯಾಚ್ ನಿಲ್ಲಿಸಿದವರಿಗೆ ಒಂದು ರೌಂಡ್ ನಷ್ಟವೆಂಬ ನಿಯಮವಿದೆ. ಆ ಇಬ್ಬರಲ್ಲಿ ಯಾರೂ ನಿಲ್ಲಿಸಿಲ್ಲವಲ್ಲ, ಆಗ ಆಯೋಜಕರು ಹಾಲ್ ತುಂಬ ಕೂಗುತ್ತಾ ಪ್ಯಾಡಿನ ಮಾಲೀಕರನ್ನು ಹುಡುಕುತ್ತಾರೆ.